ನೂರಿಪ್ಪತ್ತು ಅಡಿಯ ಪೈನ್

ಟ್ರಕೀ ಊರಾಚೆ, ಹೆದ್ದಾರಿ ಹೊರಳುವಲ್ಲಿ
ನಿಂತಿದೆ ನಮ್ಮ ಪೈನ್.
ನೂರಿಪ್ಪತ್ತು ಅಡಿ ಉಕ್ಕು, ಮೇಲೆ ಕಂದು ಬಳಿದ ತೊಗಟೆ,
ಮುನ್ನೂರ ಹನ್ನೆರಡು ಪ್ಲಾಸ್ಟಿಕ್ ಕೊಂಬೆ,
ಒಂದೊಂದಕ್ಕೂ ನಂಬರು, ಒಂದೊಂದಕ್ಕೂ ನಾಲ್ಕು ಬೋಲ್ಟು.
ಹಿಮ ಕರಗಿದ ಮೇಲೆ ಹತ್ತಿ
ಸಡಿಲಾದದ್ದನ್ನು ಬಿಗಿ ಮಾಡುವವನು ನಾನು.
ಕೆಳಗೆ ಹಗ್ಗ ಹಿಡಿದು ಎವೆರಾರ್ದೊ.

ಮೊಬೈಲ್ ಟವರಿಗೆ ಎಲೆ ಕಟ್ಟುವ ಕೆಲಸ ಎಂದರೆ
ನಗುತ್ತಾರೆ ಜನ. ನಗಲಿ.
ನನ್ನ ಮರ ಉದುರಿಸಿದ ಸೂಜಿಗಳು
ಹಳ್ಳದವರೆಗೂ ಹೋಗಿವೆ, ಕೊಳೆಯದೆ,
ಹೋದ ವರ್ಷದ್ದು ಯಾವುದು, ಈ ವರ್ಷದ್ದು ಯಾವುದು
ಹೇಳಲಾಗದಷ್ಟು ಹಸಿರಾಗಿ.

ಜೂನಿನಲ್ಲಿ ನಾಲ್ಕು ದಿನ ರಜೆ ಹಾಕಿ
ಕಾಡಿಗೆ ಹೋದೆ. ಟವರಿಲ್ಲದ ಕಡೆ,
ಸೈಕಲ್ಲಿನ ಚಕ್ರ ಕೂಡ ಉರುಳಬಾರದೆಂದು ಕಾನೂನಿರುವ ಕಡೆ.
ಫೋನನ್ನು ಟ್ರಕ್ಕಿನ ಡಬ್ಬಿಯಲ್ಲಿಟ್ಟು
ಬೀಗ ಜಡಿದು, ಮತ್ತೆ ತೆರೆದು ನೋಡಿ, ಮತ್ತೆ ಜಡಿದು.

ಮೊದಲ ಏರು ಮುಗಿಯುತ್ತಲೇ
ಬಿಸಿಲಿಗೆ ಕಾದ ಪೈನಿನ ವಾಸನೆ.
ಎದೆ ತುಂಬ ಎಳೆದುಕೊಂಡೆ.
ಕಣ್ಮುಂದೆ ಬಂದದ್ದು ಆಸ್ಪತ್ರೆಯ ಕಾರಿಡಾರು,
ಆಗಷ್ಟೇ ಒರೆಸಿದ ನೆಲ,
ಹಳದಿ ಬೋರ್ಡಿನ ಮೇಲೆ
ಜಾರಿ ಬೀಳುತ್ತಲೇ ಇರುವ ಗೊಂಬೆ.

ಸರೋವರ ಸಿಕ್ಕಿತು. ಚೆನ್ನಾಗಿತ್ತು.
ಎಷ್ಟು ಚೆನ್ನಾಗಿತ್ತೆಂದರೆ
ಹಲ್ಲಿನ ಡಾಕ್ಟರ ಗೋಡೆಯ ಮೇಲಿನದ್ದರಷ್ಟು.
ಬಾಯಿ ತೆರೆದು ನಿಂತೆ, ಅಲ್ಲಿ ಕೂರುವಂತೆಯೇ.
ಎರಡು ಬೆರಳು ತಾವಾಗಿ ಎದ್ದು
ಆಚೆ ದಡದ ಬಂಡೆಯನ್ನು ಹಿಗ್ಗಿಸಲು ಹೊರಟವು.
ಬಂಡೆ ಹಿಗ್ಗಲಿಲ್ಲ. ಸುತ್ತ ನರಪಿಳ್ಳೆಯಿಲ್ಲ,
ಆದರೂ ನಾಚಿಕೆಯಾಗಿ ಕೈಯನ್ನು ಜೇಬಿಗೆ ತುರುಕಿದೆ.

ಸೊಂಟದಲ್ಲಿ ಕಿತ್ತಳೆ ಬಣ್ಣದ ಪುಟ್ಟ ಯಂತ್ರ,
ಮಾರ್ಗಿ ಕಟ್ಟಿ ಕಳಿಸಿದ್ದು. ಸಂಜೆಗೊಮ್ಮೆ ಒತ್ತಬೇಕು:
‘ಕ್ಷೇಮ.’ ಅದು ಆಕಾಶಕ್ಕೆ ಹೋಗಿ
ನಮ್ಮ ಅಡುಗೆಮನೆಯ ಫ್ರಿಜ್ಜಿನ ಪಕ್ಕ ಕಿಣಿ ಎನ್ನುತ್ತದೆ.
ಮೊದಲ ಸಂಜೆ ಒತ್ತಿದೆ. ಎರಡನೆಯ ಸಂಜೆಯೂ.
ಮೂರನೆಯ ಸಂಜೆ ಬೆರಳಿಟ್ಟು ಕೂತೆ.
ಹಿಮ್ಮಡಿಯಲ್ಲಿ ಬೊಬ್ಬೆ, ಗಂಟಲಲ್ಲಿ ಹೊಗೆ,
ಹೆಸರಿಲ್ಲದ ಏನೋ ಒಂದು ಕಸಿವಿಸಿ,
ಅದರ ಮಗ್ಗುಲಲ್ಲೇ ಸಣ್ಣ ಖುಷಿ.
ಇದಕ್ಕೆ ಗುಂಡಿ ಇರಲಿಲ್ಲ.
ಇದ್ದ ಇನ್ನೊಂದು ಕೆಂಪು: ಹೆಲಿಕಾಪ್ಟರು.
ಕೊನೆಗೆ ಕ್ಷೇಮವನ್ನೇ ಒತ್ತಿದೆ.
ಮಾರ್ಗಿ ಮಲಗಬೇಕಲ್ಲ.

ರಾತ್ರಿ ತೊಡೆ ಗುಂಯ್‌ಗುಟ್ಟಿತು.
ಎದ್ದು ತಡಕಿದೆ. ಜೇಬೇ ಇಲ್ಲದ ಚಡ್ಡಿ.
ಫೋನು ಹನ್ನೆರಡು ಮೈಲಿ ಆಚೆ, ಬೀಗದೊಳಗೆ, ಬಾಯಿ ಮುಚ್ಚಿ.
ಮತ್ತೆ ಗುಂಯ್.
ಚರ್ಮದ ಕೆಳಗೆ ಯಾರೋ ಕರೆಯುತ್ತಿದ್ದರು
ಯಾರೂ ಕರೆಯದಿರುವಾಗ.
ಬೆದರಿದ ಕುದುರೆಯ ಮೈಮೇಲೆ ಇಡುವಂತೆ
ಅಂಗೈ ಇಟ್ಟೆ ಅಲ್ಲಿ.
ಎಷ್ಟು ಹೊತ್ತೋ.
ದೂರದಲ್ಲೆಲ್ಲೋ ಗೂಬೆಯೊಂದು ಕೂಗಿ ನಿಲ್ಲಿಸಿತು,
ಉತ್ತರ ಬಾರದ್ದಕ್ಕೆ ಬೇಸರವೇನೂ ಇಲ್ಲದೆ.

ಸೋಮವಾರ ಮತ್ತೆ ನಮ್ಮ ಪೈನ್.
ಇನ್ನೂರ ತೊಂಬತ್ತನೆಯ ಕೊಂಬೆ ದಾಟುತ್ತಿದ್ದಂತೆ
ಮೇಲಿನಿಂದ ಚೂರಿಯಂಥ ಕೂಗು.
ಮೀನುಗಿಡುಗ. ಆಂಟೆನಾದ ತಲೆಯ ಮೇಲೆ ಗೂಡು:
ಒಣ ಕಡ್ಡಿ, ಪಾಚಿ, ಯಾರದೋ ಗಾಳದ ದಾರ,
ನಡುನಡುವೆ ನಮ್ಮದೇ ಪ್ಲಾಸ್ಟಿಕ್ ರೆಂಬೆ,
ಬೋಲ್ಟಿಲ್ಲದೆ, ನಂಬರಿಲ್ಲದೆ,
ನಾನು ಬಿಗಿದದ್ದಕ್ಕಿಂತ ಗಟ್ಟಿಯಾಗಿ.
ಒಳಗೆ ಕತ್ತು ನಿಲ್ಲದ ಎರಡು ಮರಿ, ಒಂದು ಮೊಟ್ಟೆ.

ನೋಡಿದೆ. ಅದೂ ನೋಡಿತು, ಹಳದಿ ಕಣ್ಣಲ್ಲಿ,
ನಾನೆಷ್ಟು ಹತ್ತಿರವೆಂದು ಅಳೆಯುತ್ತ.

‘ಫೋಟೋ ತೆಗಿಯೋ!’ ಕೆಳಗಿನಿಂದ ಎವೆರಾರ್ದೊ.
ಒಂದು ಕೈ ಜೇಬಿಗೆ ಹೋಯಿತು.
ಇನ್ನೊಂದು ಹಗ್ಗ ಬಿಡಲೊಪ್ಪಲಿಲ್ಲ.

ಇಳಿದೆ. ಮರಿ ಹಾರುವವರೆಗೆ ಕೆಲಸ ನಿಲ್ಲಿಸಬೇಕೆಂದು ನಿಯಮ.
ಫಾರಂ ತುಂಬಿದೆ: ಟವರಿನ ಸಂಖ್ಯೆ, ತಾರೀಖು, ಹವಾಮಾನ.
ಕಾರಣ ಎಂಬ ಖಾನೆ ಬೆರಳಷ್ಟೇ ಅಗಲ.
‘ಗೂಡು’ ಎಂದು ಬರೆದೆ. ಜಾಗ ಉಳಿಯಿತು.